ಚಿರತೆಯೂ ಚಿರತೆಯ ನೆರಳೂ

2024ನೆಯ ಇಸವಿಯ ಡಿಸೆಂಬರ್ 31ರ ಬೆಳಗಿನ ಜಾವ ಮೈಸೂರಿನ ಹೆಬ್ಬಾಳ ಕೈಗಾರಿಕಾ ಪ್ರದೇಶದಲ್ಲಿರುವ ಇನ್ಫೋಸಿಸ್ ಆವರಣದಲ್ಲಿ ಚಿರತೆಯೊಂದು ಕಾಣಿಸಿಕೊಂಡಿತು. ಅರಣ್ಯ ಇಲಾಖೆಯವರು ಹುಡುಕಾಟಕ್ಕೆ ತೊಡಗಿದರು. ನೌಕರರಿಗೆ ಮನೆಯಿಂದಲೇ ಕೆಲಸ ಮಾಡುವಂತೆ ಸೂಚನೆ ಹೋಯಿತು. ಇಂತಹ ಸುದ್ದಿಯನ್ನು ಓದಿದ ದಿನದ ಸಂಜೆ ನಾವು ಕುಕ್ಕರಹಳ್ಳಿ ಕೆರೆಯ ಏರಿಯ ಮೇಲೆ ನಡೆಯುತ್ತಿದ್ದೇವೆಂದು ಭಾವಿಸೋಣ. ಪೊದೆಯೊಂದು ಅಲುಗುತ್ತದೆ. ನಿನ್ನೆಯೂ ಅದು ಅಲುಗಿದ್ದಿರಬೇಕು, ನಾವು ಲಕ್ಷಿಸಿರಲಿಲ್ಲ. ಇಂದು ಕಾಲು ನಿಲ್ಲುತ್ತದೆ, ಎದೆ ಬಡಿದುಕೊಳ್ಳುತ್ತದೆ. ಪೊದೆಯಿಂದ ನಾಯಿ ಹೊರಬಂದ ಮೇಲೂ ಅರೆಕ್ಷಣ ಅದು ನಾಯಿಯಾಗಿ ಕಾಣುವುದಿಲ್ಲ!

ಇಲ್ಲಿ ಕಣ್ಣು ಬದಲಾಗಲಿಲ್ಲ, ಬದಲಾದುದು ಅವಧಾನ. ಇಂದ್ರಿಯಗಳು ತಂದೊಪ್ಪಿಸುವ ಸಂಗತಿಗಳೆಲ್ಲವನ್ನೂ ಮನಸ್ಸು ಏಕಕಾಲದಲ್ಲಿ ಪರಿಶೀಲಿಸಲಾರದು. ಕೆಲವನ್ನು ಆಯ್ದು ಉಳಿದವನ್ನು ಬಿಡಬೇಕು. ಭಯಪಟ್ಟಿರುವುದು, ನಿರೀಕ್ಷಿಸಿರುವುದು, ಈಚೆಗೆ ಕೇಳಿದುದು, ಇವು ಆ ಆಯ್ಕೆಯಲ್ಲಿ ಮುಂದೆ ನುಗ್ಗುತ್ತವೆ. ಇದನ್ನೇ ನಾವು ಮನಸ್ಸಿನ ಒಲವು ಎನ್ನುತ್ತೇವೆ.

ನಿರೀಕ್ಷೆಯ ಬಲವನ್ನು ಬ್ರೂನರ್ ಮತ್ತು ಪೋಸ್ಟ್‌ಮನ್ ಎಂಬ ಅಮೆರಿಕದ ವಿದ್ವಾಂಸರು 1949ರಲ್ಲಿ ಇಸ್ಪೀಟೆಲೆಗಳಿಂದ ತೋರಿಸಿಕೊಟ್ಟರು. ಎಲೆಗಳನ್ನು ಕ್ಷಣಮಾತ್ರ ತೋರಿಸಿ ಗುರುತಿಸಲು ಹೇಳಿದರು. ನಡುವೆ ಬಣ್ಣ ಬದಲಿಸಿದ ಕೆಲವು ಎಲೆಗಳಿದ್ದುವು: ಉದಾಹರಣೆಗೆ, ಕಪ್ಪು ಬಣ್ಣದ ಆಟೀನು ಮೂರು. ನೋಡಿದವರಲ್ಲಿ ಬಹುಮಂದಿ ಅದನ್ನು ಕೆಂಪು ಆಟೀನೆಂದೋ ಕಪ್ಪು ಇಸ್ಪೀಟೆಂದೋ ನಿಸ್ಸಂಶಯವಾಗಿ ಹೇಳಿಬಿಟ್ಟರು. ಸರಿಯಾಗಿ ಗುರುತಿಸಲು ಸಾಧಾರಣ ಎಲೆಗೆ ಬೇಕಾದುದರ ಸುಮಾರು ನಾಲ್ಕರಷ್ಟು ಕಾಲ ಬೇಕಾಯಿತು.

ಮನಸ್ಸನ್ನು ಹೀಗೆ ಪ್ರಯೋಗಕ್ಕೆ ಒಡ್ಡುವುದು ಮೈಸೂರಿಗೆ ಹೊಸದಲ್ಲ. 1924ರಲ್ಲಿಯೇ ಮಹಾರಾಜ ಕಾಲೇಜಿನಲ್ಲಿ ಪ್ರೊ. ಎಂ. ವಿ. ಗೋಪಾಲಸ್ವಾಮಿಯವರು ಮನಶ್ಶಾಸ್ತ್ರ ವಿಭಾಗವನ್ನು ನೆಲೆಗೊಳಿಸಿದರು. (1935ರಲ್ಲಿ ತಮ್ಮ ಮನೆಯಿಂದಲೇ ‘ಆಕಾಶವಾಣಿ’ಯನ್ನು ಆರಂಭಿಸಿದವರೂ ಇವರೇ.)

ಒಲವು ನೋಟವನ್ನಷ್ಟೇ ಅಲ್ಲ, ಎಣಿಕೆಯನ್ನೂ ಕೆಡಿಸುತ್ತದೆ. ಟ್ವರ್ಸ್ಕಿ ಮತ್ತು ಕಾನಮನ್ ಅವರು 1973ರಲ್ಲಿ ಕೇಳಿದ ಪ್ರಶ್ನೆ ಇದು: ಇಂಗ್ಲಿಷಿನಲ್ಲಿ ‘ಕೆ’ ಅಕ್ಷರ ಮೊದಲಲ್ಲಿರುವ ಪದಗಳು ಹೆಚ್ಚೋ, ಮೂರನೆಯ ಸ್ಥಾನದಲ್ಲಿರುವವು ಹೆಚ್ಚೋ? ಬಹುಮಂದಿ ಮೊದಲಿನವೇ ಹೆಚ್ಚೆಂದರು. ನಿಜವಾಗಿ ಹೆಚ್ಚಿರುವುವು ಎರಡನೆಯವು. ಮೊದಲಕ್ಷರದಿಂದ ಪದಗಳು ಸುಲಭವಾಗಿ ನೆನಪಿಗೆ ಬರುತ್ತವೆ. ಸುಲಭವಾಗಿ ಬಂದುದನ್ನು ಮನಸ್ಸು ಹೆಚ್ಚೆಂದು ಎಣಿಸುತ್ತದೆ.

ಚಿರತೆಯ ಭಯ ಬುಡವಿಲ್ಲದುದೆಂದು ನಾವು ಹೇಳುತ್ತಿಲ್ಲ. 2022-23ರಲ್ಲಿ ಮೈಸೂರು ಜಿಲ್ಲೆಯ ಟಿ. ನರಸೀಪುರ ತಾಲ್ಲೂಕಿನಲ್ಲಿ ಚಿರತೆಯ ದಾಳಿಗೆ ಜನ ಬಲಿಯಾದರು. ಅಲ್ಲಿ ಸಂಜೆ ಹೊಲದಿಂದ ಬೇಗ ಮನೆ ಸೇರುವುದು ವಿವೇಕವೇ ಸರಿ. ಆದರೆ 2022ರಲ್ಲಿ ನಮ್ಮ ದೇಶದ ರಸ್ತೆ ಅಪಘಾತಗಳಲ್ಲಿ ಸತ್ತವರು 1,68,000ಕ್ಕೂ ಹೆಚ್ಚು. ಈ ಸಂಖ್ಯೆ ಪೊದೆಯ ಹಿಂದೆ ಅಡಗಿ ಕುಳಿತಿರುವುದಿಲ್ಲ, ಆದುದರಿಂದ ನಮ್ಮ ಕಣ್ಣಿಗೂ ಬೀಳುವುದಿಲ್ಲ. ಚಿರತೆಯ ಸುದ್ದಿ ಕೇಳಿದ ತರುಣನೊಬ್ಬನು ಕತ್ತಲಾಗುವುದರೊಳಗೆ ಮನೆ ಸೇರಬೇಕೆಂದು ಹೆಲ್ಮೆಟ್ಟನ್ನು ಕೈಗೆ ಸಿಕ್ಕಿಸಿಕೊಂಡು, ವರ್ತುಲ ರಸ್ತೆಯಲ್ಲಿ ಬೈಕನ್ನು ಎಂದಿಗಿಂತ ವೇಗವಾಗಿ ಓಡಿಸುತ್ತಾನೆ. ದಾರಿಯುದ್ದಕ್ಕೂ ಅವನ ಕಣ್ಣು ಪಕ್ಕದ ಪೊದೆಗಳ ಮೇಲೆಯೇ ಇರುತ್ತದೆ.