ಓಡಿನೊಳಗಿನ ಇಪ್ಪತ್ತೊಂದು ದಿನ

ಬುಟ್ಟಿಯ ತಳಕ್ಕೆ ಬೂದಿ ಹರಡಿ, ಮೇಲೆ ಹುಲ್ಲು ಹಾಸಿ, ಆಯ್ದ ಹತ್ತು ಹನ್ನೆರಡು ಮೊಟ್ಟೆಗಳನ್ನಿರಿಸಿ, ನಾಟಿ ಹೇಟೆಯನ್ನು ಮನೆಯ ಮೂಲೆಯ ನಸುಗತ್ತಲೆಯಲ್ಲಿ ಕಾವಿಗೆ ಕೂರಿಸಿ 21 ದಿನ ಎಣಿಸುವ ನಮ್ಮ ರೈತ ಗೃಹಿಣಿಗೆ, ಆ ಒಂದೊಂದು ದಿನವೂ ಓಡಿನೊಳಗೆ ನಡೆಯುವ ಸೃಷ್ಟಿಕಾರ್ಯದ ಪರಿಚಯವಿದ್ದರೆ, ಎಂದು ಏನು ಮಾಡಬೇಕು, ಎಂದು ಕೈಯಿಡದೆ ಸುಮ್ಮನಿರಬೇಕು ಎಂಬುದು ತಾನಾಗಿಯೇ ಹೊಳೆಯುವುದು.

ಜೀವದ ಆರಂಭವು ಕಾವಿನಿಂದಲ್ಲ. ಅಂಡಾಶಯದಿಂದ ಕಳಚಿದ ಹಳದಿ ಭಾಗವು ಅಂಡನಾಳದ ಬಾಯಿಗೆ ಬಿದ್ದ ಕೆಲವೇ ನಿಮಿಷಗಳಲ್ಲಿ ಹುಂಜದ ವೀರ್ಯಾಣುವಿನೊಡನೆ ಅದರ ಸಂಯೋಗವಾಗಿ, ಬಳಿಕ ಬಿಳಿ ಲೋಳೆಯೂ ಪೊರೆಗಳೂ ಓಡೂ ಕ್ರಮವಾಗಿ ಅದನ್ನು ಆವರಿಸುವ ಸುಮಾರು 25 ಗಂಟೆಗಳ ಕಾಲ ತಾಯಿಯ ಮೈಶಾಖದಲ್ಲಿ ಭ್ರೂಣವು ಬೆಳೆಯುತ್ತಲೇ ಇರುವುದರಿಂದ, ಇಟ್ಟ ಗಳಿಗೆಯಲ್ಲಿಯೇ ಹಳದಿಯ ಮೇಲಿನ ಬೆಳ್ಳನೆಯ ಬಿಲ್ಲೆಯಲ್ಲಿ ಸಾವಿರಾರು ಜೀವಕೋಶಗಳಿರುತ್ತವೆ. ಮೊಟ್ಟೆ ತಣ್ಣಗಾಗುತ್ತಲೇ ಈ ಬೆಳವಣಿಗೆ ನಿದ್ರಿಸುವುದು. ಸುಮಾರು 20 ಡಿಗ್ರಿ ಸೆಲ್ಸಿಯಸ್‌ಗಿಂತ ಕೆಳಗೆ ಅದು ನಿಂತಿರುತ್ತದೆ. ಬೇಸಿಗೆಯಲ್ಲಿ ಅಟ್ಟದ ಮೇಲೆ ಕೂಡಿಟ್ಟ ಮೊಟ್ಟೆಗಳು ಕೆಡುವುದಕ್ಕೆ ಕಾರಣ ಇದೇ: ಅರೆಬೆಚ್ಚಗಿನ ಹವೆಯಲ್ಲಿ ಭ್ರೂಣವು ಅರೆ ಎಚ್ಚರಗೊಂಡು, ಪೂರ್ಣ ಬೆಳೆಯಲಾರದೆ ಸಾಯುವುದು. ಆದುದರಿಂದ ಒದ್ದೆ ಮರಳಿನಲ್ಲಿ ಹೂತ ಮಣ್ಣಿನ ಪಾತ್ರೆಯಲ್ಲಿ, ದಪ್ಪ ತುದಿ ಮೇಲಾಗಿ ಮೊಟ್ಟೆಗಳನ್ನಿರಿಸಿ, ಒಂದು ವಾರದೊಳಗೆ ಕಾವಿಗೆ ಹಾಕುವುದು ಲೇಸು. ಹುಂಜದ ಸಂಪರ್ಕವೇ ಇಲ್ಲದ ಫಾರಂ ಮೊಟ್ಟೆಯಿಂದ ಎಂತಹ ಕಾವಿಗೂ ಮರಿಯಾಗದು.

ಕಾವು ದೊರೆತ ಎರಡನೆಯ ದಿನದೊಳಗೆ ಹೃದಯವು ಮಿಡಿಯತೊಡಗುವುದು. ಕಣ್ಣಿಲ್ಲ, ಕಾಲಿಲ್ಲ, ರೂಪವೇ ಇನ್ನೂ ಮೂಡಿಲ್ಲ. ಮಿಡಿತ ಮಾತ್ರ ಉಂಟು. ಸುಮಾರು 2300 ವರ್ಷಗಳ ಹಿಂದೆಯೇ ಗ್ರೀಸಿನ ಅರಿಸ್ಟಾಟಲನು ಇದನ್ನು ರಕ್ತದ ಚುಕ್ಕೆಯೊಂದು ಮಿಡಿಯುವಂತೆ ತೋರುವುದೆಂದು ವರ್ಣಿಸಿದನು. ಓಡಿಗೆ ಕಿಂಡಿ ತೆಗೆದು ನೋಡಿದ ಯಾರಿಗೂ ಆ ವರ್ಣನೆ ಇಂದಿಗೂ ಸುಳ್ಳೆನಿಸದು. ಮೂರನೆಯ ದಿನ ರೆಕ್ಕೆ ಕಾಲುಗಳ ಮೊಗ್ಗು, ನಾಲ್ಕನೆಯ ದಿನ ಕಪ್ಪೇರುವ ಕಣ್ಣು, ಎಂಟನೆಯ ದಿನದ ಹೊತ್ತಿಗೆ ಗರಿಯ ಅಂಕುರ. ಇದರ ಜೊತೆಯಲ್ಲಿಯೇ ಪಿಂಡದ ಸುತ್ತ ಹಬ್ಬುವ ರಕ್ತನಾಳಗಳಲ್ಲಿ ಕೆಲವು ಹಳದಿಯಿಂದ ಆಹಾರವನ್ನು ಹೀರಿದರೆ, ಓಡಿಗೆ ಒತ್ತಿಕೊಂಡ ಮತ್ತೊಂದು ಪೊರೆಯ ನಾಳಗಳು ಓಡಿನ ಸಾವಿರಾರು ಸೂಕ್ಷ್ಮ ರಂಧ್ರಗಳ ಮೂಲಕ ಪ್ರಾಣವಾಯುವನ್ನು ಪಡೆದು, ಎಲುಬಿಗೆ ಬೇಕಾದ ಸುಣ್ಣದಂಶವನ್ನು ಓಡಿನಿಂದಲೇ ಕರಗಿಸಿ ತರುತ್ತವೆ. ಮರಿಗೆ ಮನೆಯೇ ಉಸಿರೂ ಆಹಾರವೂ ಆಗುವ ಈ ಏರ್ಪಾಡನ್ನು ನೆನೆದಾಗಲೆಲ್ಲ ನನಗೆ ಬೆರಗು. ಏಳನೆಯ ರಾತ್ರಿ ಮೊಟ್ಟೆಯನ್ನು ಟಾರ್ಚಿನ ಬೆಳಕಿಗೆ ಹಿಡಿದರೆ ಜೀವವಿರುವುದರಲ್ಲಿ ಜೇಡನ ಕಾಲುಗಳಂತೆ ಕೆಂಪು ನಾಳಗಳು ಕಾಣುವುವು. ತಿಳಿಯಾಗಿರುವುದರಲ್ಲಿ ಪಿಂಡವೇ ಇಲ್ಲ. ರಕ್ತದ ಉಂಗುರ ಮಾತ್ರ ಕಂಡರೆ ಪಿಂಡ ಸತ್ತಿದೆ. ಇವೆರಡನ್ನೂ ತೆಗೆದುಬಿಡಬೇಕು.

ಹೇಟೆಯು ಕೊಕ್ಕಿನಿಂದ ಮೊಟ್ಟೆಗಳನ್ನು ಆಗಾಗ ಹೊರಳಿಸುವುದು ವ್ಯರ್ಥ ಚೇಷ್ಟೆಯಲ್ಲ. ಒಂದೇ ಮಗ್ಗುಲಲ್ಲಿ ಬಿಟ್ಟರೆ ಹಗುರಾದ ಹಳದಿಯು ಮೇಲೇರಿ ಪಿಂಡವು ಒಳಪೊರೆಗೆ ಅಂಟಿಕೊಳ್ಳುವುದು. ಯಂತ್ರದಲ್ಲಿ ಕಾವು ಕೊಡುವವರು ಸುಮಾರು 37.5 ಡಿಗ್ರಿ ಶಾಖವನ್ನು ಕಾಯ್ದುಕೊಂಡು, ದಿನಕ್ಕೆ ಮೂರು ಬಾರಿಗೆ ಕಡಮೆಯಾಗದಂತೆ ಹೊರಳಿಸಿ, 18ನೆಯ ದಿನ ನಿಲ್ಲಿಸಬೇಕು. ಅಷ್ಟರಲ್ಲಿ ಮರಿಯು ದಪ್ಪ ತುದಿಯ ಗಾಳಿಯ ಕೋಣೆಯತ್ತ ಕೊಕ್ಕು ತಿರುಗಿಸಿ ಹೊರಡುವ ಭಂಗಿಯಲ್ಲಿರುತ್ತದೆ. ಅಲ್ಲಿಂದ ಮುಂದೆ ಹವೆಯಲ್ಲಿ ತೇವ ಹೆಚ್ಚಿರಬೇಕು, ಇಲ್ಲವಾದರೆ ಪೊರೆಯು ಒಣಗಿ ಮರಿಯನ್ನು ಬಿಗಿಯುವುದು.

20ನೆಯ ದಿನ ಮರಿಯು ಗಾಳಿಕೋಣೆಯ ಪೊರೆಯನ್ನು ತೂರಿ ಶ್ವಾಸಕೋಶದಿಂದ ಮೊದಲ ಉಸಿರೆಳೆಯುವುದು. ಬಳಿಕ ಕೊಕ್ಕಿನ ತುದಿಯ ಪುಟ್ಟ ಗಟ್ಟಿ ಮೊನೆಯಿಂದ ಓಡಿನಲ್ಲಿ ಬಿರುಕು ಮೂಡಿಸಿ, ಹಲವು ಗಂಟೆಗಳ ಕಾಲ ಸ್ತಬ್ಧವಾಗಿರುವುದು. ಈ ವಿರಾಮವನ್ನು ಬಳಲಿಕೆಯೆಂದು ಬಗೆದು, ಬಾಲಕನಾಗಿದ್ದಾಗ ನಾನು ಓಡನ್ನು ಉಗುರಿನಿಂದ ಬಿಡಿಸಿದೆನು; ಮರಿಯು ರಕ್ತ ಸುರಿದು ನನ್ನ ಅಂಗೈಯಲ್ಲಿಯೇ ಸತ್ತಿತು. ನಾಳಗಳ ರಕ್ತವು ಮೈಯೊಳಕ್ಕೆ ಸೇರುವುದಕ್ಕೂ, ಉಳಿದ ಹಳದಿಯು ಹೊಕ್ಕುಳಿನ ಮೂಲಕ ಹೊಟ್ಟೆಯೊಳಕ್ಕೆ ಸೆಳೆಯಲ್ಪಡುವುದಕ್ಕೂ ಬೇಕಾದ ಅವಧಿ ಅದೆಂದು ನಾನು ಅರಿತದ್ದು ಬಹುಕಾಲದ ಮೇಲೆ. ಹೊಟ್ಟೆ ಸೇರಿದ ಆ ಹಳದಿಯೇ ಎರಡು ದಿನಗಳ ಬುತ್ತಿ. ಮೊದಲ ದಿನ ಮರಿ ಕಾಳು ಮುಟ್ಟದಿದ್ದರೆ ಗಾಬರಿಗೆ ಕಾರಣವಿಲ್ಲ.

ಓಡು ಬಿರಿಯುವ ಮುನ್ನವೇ ಮರಿಯು ಒಳಗಿನಿಂದ ಕೂಗುವುದು, ಹೇಟೆಯು ಮೆಲುದನಿಯಲ್ಲಿ ಮರುನುಡಿಯುವುದು. ಆ ದನಿ ಕೇಳಿಬಂದ ಮೇಲೆ ಬುಟ್ಟಿಯನ್ನು ಕದಲಿಸದೆ, ಹೇಟೆಯನ್ನು ಎಬ್ಬಿಸದೆ, ಕೊನೆಯ ಮರಿಯ ಮೈ ಅದರ ರೆಕ್ಕೆಯಡಿಯಲ್ಲಿ ಒಣಗುವವರೆಗೆ ಬಿಟ್ಟಿರಬೇಕು.