ಪಾಲಿನ ತೀರ್ಪನ್ನು ಮತ್ತೆ ಪ್ರಶ್ನಿಸಬಹುದೇ?



ಸಂಖ್ಯಾಕಾಂಡದ 27ನೇ ಅಧ್ಯಾಯದಲ್ಲಿ ಐವರು ಅಕ್ಕತಂಗಿಯರು ಮೋಶೆಯ ಮುಂದೆ ನಿಂತು, ಗಂಡುಮಕ್ಕಳಿಲ್ಲದೆ ತೀರಿಹೋದ ತಮ್ಮ ತಂದೆಯ ಪಾಲನ್ನು ಕೇಳುತ್ತಾರೆ. ಅದು ಅವರಿಗೆ ಸಿಗುತ್ತದೆ. ಅದೇ ವ್ಯಾಜ್ಯ 36ನೇ ಅಧ್ಯಾಯದಲ್ಲಿ ಮರಳಿ ಬರುತ್ತದೆ. ಕುಲದ ಹಿರಿಯರು ಆಕ್ಷೇಪ ಎತ್ತಿದಾಗ, ಪಾಲು ಹಾಗೇ ಉಳಿದು, ತಮ್ಮ ಕುಲದೊಳಗೇ ಮದುವೆಯಾಗಬೇಕೆಂಬ ಷರತ್ತು ಸೇರುತ್ತದೆ. ಒಮ್ಮೆ ಆದ ತೀರ್ಪನ್ನು ಮತ್ತೆ ಪರಿಶೀಲಿಸುವುದು ಅಷ್ಟು ಹಳೆಯ ಸಂಗತಿ.

ನಮ್ಮ ಅವಲಾಂಚ್, ಎಮರಾಲ್ಡ್ ಕಡೆ ಟೀ ತೋಟವೋ ಕ್ಯಾರೆಟ್ ಹೊಲವೋ ಅಜ್ಜನ ಕಾಲದ ಜಂಟಿ ಪಟ್ಟಾದಲ್ಲೇ ಉಳಿದಿರುವ ಮನೆಗಳಿವೆ. ಅಣ್ಣ ಉಳುತ್ತಾನೆ. ಮದುವೆಯಾಗಿ ಕೊಯಮತ್ತೂರಿಗೆ ಹೋದ ಅಕ್ಕನ ಬಳಿ ಒಂದು ದಿನ ಬಿಡುಗಡೆ ಪತ್ರಕ್ಕೆ ಸಹಿ ಕೇಳುತ್ತಾರೆ. ತನ್ನ ಪಾಲು ಎಷ್ಟೆಂದು ಆಕೆಗೆ ಯಾರೂ ಹೇಳಿರುವುದಿಲ್ಲ.

ಹೇಳೋಣ. ನಮ್ಮ ನೆರೆಯ ಹಿಂದೂ ಮನೆಗಳಿಗೆ 1956ರ ಹಿಂದೂ ಉತ್ತರಾಧಿಕಾರ ಕಾಯ್ದೆ, ಕ್ರೈಸ್ತರಾದ ನಮಗೆ 1925ರ ಭಾರತೀಯ ಉತ್ತರಾಧಿಕಾರ ಕಾಯ್ದೆ. ಉಯಿಲು ಬರೆಯದೆ ತಂದೆ ತೀರಿಕೊಂಡರೆ ತಾಯಿಗೆ ಮೂರರಲ್ಲಿ ಒಂದು ಪಾಲು. ಉಳಿದದ್ದು ಮಕ್ಕಳಿಗೆ ಸಮಪಾಲು, ಗಂಡು ಹೆಣ್ಣೆಂಬ ಭೇದವಿಲ್ಲ. ತಂದೆಯ ಹೆಸರಿನ 90 ಸೆಂಟು ತೋಟಕ್ಕೆ ತಾಯಿ, ಒಬ್ಬ ಮಗ, ಇಬ್ಬರು ಹೆಣ್ಣುಮಕ್ಕಳು ಎಂದುಕೊಳ್ಳಿ: ತಾಯಿಗೆ 30, ಮಕ್ಕಳಿಗೆ ತಲಾ 20.

ಒಪ್ಪಂದವಾಗದೆ ವಿಭಾಗದ ದಾವೆ ಹೂಡಿದರೆ ತೀರ್ಪು ಎರಡು ಹಂತದಲ್ಲಿ ಬರುತ್ತದೆ. ಯಾರಿಗೆ ಎಷ್ಟು ಎಂದು ಹೇಳುವುದು ಪ್ರಾಥಮಿಕ ಡಿಕ್ರಿ. ಯಾರಿಗೆ ಯಾವ ಭಾಗ, ಬದು ಎಲ್ಲಿ, ದಾರಿ ಎಲ್ಲಿ ಎಂದು ಗುರುತಿಸುವುದು ಅಂತಿಮ ಡಿಕ್ರಿ. ಕಂದಾಯದ ಜಮೀನನ್ನು ಜಿಲ್ಲಾಧಿಕಾರಿ ಅಥವಾ ಅವರು ನೇಮಿಸಿದ ಅಧಿಕಾರಿ ಅಳೆದು ಹಂಚಬೇಕು; ಮನೆಯಾದರೆ ಕೋರ್ಟ್ ಕಮಿಷನರ್ ಬರುತ್ತಾರೆ. ಮೊದಲ ಕಾಗದ ಕೈಗೆ ಬಂದಾಗಲೇ ಕೇಸು ಮುಗಿಯಿತೆಂದು ಪೆಟ್ಟಿಗೆಯಲ್ಲಿಟ್ಟು ಕೂರುವವರಿದ್ದಾರೆ. ಮುಗಿದಿರುವುದಿಲ್ಲ.

ಮರುಪರಿಶೀಲನೆಯ ಸೂಕ್ಷ್ಮ ಇರುವುದು ಇಲ್ಲೇ. ಪ್ರಾಥಮಿಕ ಡಿಕ್ರಿ ತಪ್ಪೆಂದು ಅನಿಸಿದರೆ ಆಗಲೇ ಮೇಲ್ಮನವಿ ಹಾಕಬೇಕು: ಜಿಲ್ಲಾ ನ್ಯಾಯಾಲಯಕ್ಕಾದರೆ 30 ದಿನ, ಹೈಕೋರ್ಟಿಗಾದರೆ 90 ದಿನ. ಆಗ ಸುಮ್ಮನಿದ್ದು, ಅಂತಿಮ ಡಿಕ್ರಿಯ ವಿರುದ್ಧ ಹೋದಾಗ ಆ ಹಳೆಯ ತಪ್ಪನ್ನು ಎತ್ತಲು ಬರುವುದಿಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 97ನೇ ಸೆಕ್ಷನ್ ಬಾಗಿಲು ಮುಚ್ಚುತ್ತದೆ.

ಆದರೆ ತಪ್ಪು ಬೇರೆ, ಬದಲಾವಣೆ ಬೇರೆ. ಮೇಲಿನ ಲೆಕ್ಕದಲ್ಲಿ ಪ್ರಾಥಮಿಕ ಡಿಕ್ರಿಯ ನಂತರ ತಾಯಿಯೂ ಉಯಿಲಿಲ್ಲದೆ ತೀರಿಕೊಂಡರೆ? ಆಕೆಯ 30 ಸೆಂಟು ಮೂವರಿಗೂ ಹಂಚಿ, ತಲಾ 30 ಆಗುತ್ತದೆ. ಹೀಗೆ ಪಾಲುದಾರರು ತೀರಿಕೊಂಡು ಪಾಲು ಬದಲಾದಾಗ ಮತ್ತೊಂದು ಪ್ರಾಥಮಿಕ ಡಿಕ್ರಿ ಕೊಡಬಹುದೆಂದು ಸುಪ್ರೀಂ ಕೋರ್ಟ್ 1967ರಲ್ಲೇ ಫೂಲ್‌ಚಂದ್ ಪ್ರಕರಣದಲ್ಲಿ ಹೇಳಿತು.

ಕಾನೂನೇ ಬದಲಾದರೆ? ಕರ್ನಾಟಕದ ಪ್ರೇಮಾ ವಿರುದ್ಧ ನಂಜೇಗೌಡ ಪ್ರಕರಣದಲ್ಲಿ ಆದದ್ದು ಅದೇ. ಹಿಂದೂ ಕುಟುಂಬದ ವಿಭಾಗದ ದಾವೆಯಲ್ಲಿ ಪ್ರಾಥಮಿಕ ಡಿಕ್ರಿ ಬಂದ ಮೇಲೆ, 1994ರಲ್ಲಿ ಜಾರಿಯಾದ ಕರ್ನಾಟಕದ ತಿದ್ದುಪಡಿ ಅವಿವಾಹಿತ ಹೆಣ್ಣುಮಕ್ಕಳಿಗೆ ಗಂಡುಮಕ್ಕಳ ಸಮನಾದ ಪಾಲು ಕೊಟ್ಟಿತು. ಮಗಳು ತನ್ನ ಪಾಲು ಹೆಚ್ಚಿಸುವಂತೆ ಕೇಳಿದಳು. ಕೆಳಗಿನ ನ್ಯಾಯಾಲಯವೂ ಹೈಕೋರ್ಟೂ ಒಪ್ಪಲಿಲ್ಲ. 2011ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಒಪ್ಪಿತು. ಅಂತಿಮ ಡಿಕ್ರಿ ಆಗುವವರೆಗೆ ವಿಭಾಗ ಪೂರ್ತಿಯಾಗಿಲ್ಲ ಎಂಬುದೇ ಆಧಾರ. ಪಾಲಿನ ಲೆಕ್ಕ ನಮ್ಮದಲ್ಲದಿದ್ದರೂ ನ್ಯಾಯಾಲಯದ ಈ ದಾರಿ ಎಲ್ಲರಿಗೂ ಒಂದೇ.

ಇದರಲ್ಲಿ ನೋವೂ ಇದೆ. ಎರಡು ಡಿಕ್ರಿಗಳ ನಡುವೆ ಇಡೀ ತಲೆಮಾರು ಕಳೆದುಹೋಗುವುದುಂಟು. ಪ್ರಾಥಮಿಕ ಡಿಕ್ರಿ ಆದ ಕೂಡಲೇ, ಯಾರೂ ಪ್ರತ್ಯೇಕ ಅರ್ಜಿ ಹಾಕಲೆಂದು ಕಾಯದೆ, ವಿಚಾರಣಾ ನ್ಯಾಯಾಲಯವೇ ಅಂತಿಮ ಡಿಕ್ರಿಗೆ ಮುಂದುವರಿಯಬೇಕೆಂದು ಸುಪ್ರೀಂ ಕೋರ್ಟ್ 2022ರಲ್ಲಿ ನಿರ್ದೇಶಿಸಿತು. ಜಾಗ ತೀರಾ ಚಿಕ್ಕದಾಗಿದ್ದು ಹಂಚಲು ಆಗದಿದ್ದರೆ, 1893ರ ವಿಭಜನಾ ಕಾಯ್ದೆಯಂತೆ ಅರ್ಧ ಅಥವಾ ಹೆಚ್ಚಿನ ಪಾಲುದಾರರ ಕೋರಿಕೆಯ ಮೇಲೆ ಮಾರಿ ಹಣ ಹಂಚಲೂಬಹುದು. ಅಜ್ಜನ ಮನೆ ಹಾಗೆ ಹೋಗುವುದನ್ನು ಯಾರು ತಾನೇ ಬಯಸುತ್ತಾರೆ?

ಬಿಡುಗಡೆ ಪತ್ರದ ಮಾತಿಗೆ ಬಂದರೆ, ಪ್ರೀತಿಯಿಂದ ಪಾಲು ಬಿಟ್ಟುಕೊಡುವ ಅಕ್ಕಂದಿರನ್ನು ನಾವು ಬೇಡವೆನ್ನುವುದಿಲ್ಲ. ಎಷ್ಟು ಬಿಡುತ್ತಿದ್ದೇವೆಂದು ತಿಳಿದು ಬಿಡಲಿ. ನೋಂದಣಿಯಾದ ಮೇಲೆ ಅದನ್ನು ರದ್ದುಪಡಿಸಬೇಕಾದರೆ ಮೋಸವನ್ನೋ ಒತ್ತಡವನ್ನೋ ರುಜುವಾತುಪಡಿಸಬೇಕಾಗುತ್ತದೆ. ಹೆಂಗಸರಿಗೆ, ಆದಾಯ ಎಷ್ಟೇ ಇರಲಿ, ಉಚಿತ ವಕೀಲರ ನೆರವು ಪಡೆಯುವ ಹಕ್ಕಿದೆ. ಊಟಿಯ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಲ್ಲಿ ಕೇಳಿ.

ಮುಂದಿನ ಕೂಟಕ್ಕೆ ನಿಮ್ಮ ಮನೆಯ ಪಟ್ಟಾದ ನಕಲು ತನ್ನಿ. ಅದರಲ್ಲಿ ಯಾರ ಹೆಸರಿದೆ, ಯಾರದಿಲ್ಲ ಎಂದು ಒಟ್ಟಿಗೆ ಓದೋಣ.