ಸಾಲಕ್ಕೆ ಆಧಾರವಾದ ಟ್ರ್ಯಾಕ್ಟರನ್ನು ಬೇರೆ ಸೀಮೆಗೆ ಒಯ್ಯುವ ವಿಚಾರ

ಒಡವೆಯನ್ನು ಗಿರವಿಯಿಟ್ಟವನಿಗೆ ಅದನ್ನು ಎಲ್ಲಿಗೆ ಒಯ್ಯಬಹುದೆಂಬ ಪ್ರಶ್ನೆಯೇ ಹುಟ್ಟುವುದಿಲ್ಲ; ಅದು ಸಾಲ ಕೊಟ್ಟವರ ಪೆಟ್ಟಿಗೆಯಲ್ಲಿರುತ್ತದೆ. 1872ನೆಯ ಇಸವಿಯ ಕರಾರು ಕಾಯಿದೆಯಲ್ಲಿ ಹೇಳಿರುವ ಗಿರವಿಯು ಈ ಬಗೆಯದು. ಟ್ರ್ಯಾಕ್ಟರಿನ ಸಂಗತಿ ಹಾಗಲ್ಲ. ಸಾಲಕ್ಕೆ ಆಧಾರವಾಗಿದ್ದರೂ ಅದು ರೈತನ ಅಂಗಳದಲ್ಲಿಯೇ ನಿಂತು ರೈತನ ಹೊಲವನ್ನೇ ಉಳುತ್ತದೆ. ಬ್ಯಾಂಕಿನವರು ಇದನ್ನು ಹೈಪೋಥಿಕೇಷನ್ ಎನ್ನುವರು. ಸಾಲ ಕೊಟ್ಟವರ ಕೈಯಲ್ಲಿ ಕಾಗದ ಮಾತ್ರವಿರುವುದರಿಂದ, ವಸ್ತುವು ಎಲ್ಲಿದೆ, ಯಾರ ವಶದಲ್ಲಿದೆ ಎಂಬುದನ್ನು ಅವರು ತಿಳಿಯಬಯಸುವುದು ನ್ಯಾಯವೇ ಸರಿ. ಹಡಗನ್ನು ಆಧಾರವಾಗಿಟ್ಟವನು ಸಾಲಗಾರರ ಒಪ್ಪಿಗೆಯಿಲ್ಲದೆ ಅದನ್ನು ಬೇರೊಂದು ದೇಶದ ದಾಖಲೆಗೆ ಸೇರಿಸಕೂಡದೆಂದು ಕರಾರಿನಲ್ಲಿ ಬರೆಯಿಸಿಕೊಳ್ಳುವುದಕ್ಕೂ ಇದೇ ಕಾರಣ.

ನೆರೆಯ ಊರಿನಲ್ಲಿ ಎರಡು ದಿನ ಬಾಡಿಗೆಗೆ ಉತ್ತು ಬರುವುದು ಬೇರೆ, ಟ್ರ್ಯಾಕ್ಟರನ್ನು ಪರರಾಜ್ಯದಲ್ಲಿ ನೆಲೆಗೊಳಿಸುವುದು ಬೇರೆ. 1988ನೆಯ ಇಸವಿಯ ಮೋಟಾರು ವಾಹನ ಕಾಯಿದೆಯ 47ನೆಯ ಪ್ರಕರಣದ ಮೇರೆಗೆ, ಒಂದು ರಾಜ್ಯದಲ್ಲಿ ನೋಂದಣಿಯಾದ ವಾಹನವನ್ನು ಇನ್ನೊಂದು ರಾಜ್ಯದಲ್ಲಿ 12 ತಿಂಗಳಿಗೆ ಮೀರಿ ಇಟ್ಟುಕೊಂಡರೆ ಅಲ್ಲಿ ಹೊಸ ನಂಬರನ್ನು ಪಡೆಯಬೇಕು. ಬಳ್ಳಾರಿಯ ರೈತನು ಅನಂತಪುರದ ಕಡೆ ಜಮೀನು ಹಿಡಿದು ಟ್ರ್ಯಾಕ್ಟರನ್ನು ಅಲ್ಲಿಯೇ ನಿಲ್ಲಿಸಿದರೆ ಈ ನಿಯಮವು ಅನ್ವಯಿಸುವುದು. ನೋಂದಣಿ ಪತ್ರದಲ್ಲಿ ಸಾಲದ ನಮೂದು ಇದ್ದಲ್ಲಿ, ಅದೇ ಕಾಯಿದೆಯ 51ನೆಯ ಪ್ರಕರಣದಂತೆ, ಇಂತಹ ಅರ್ಜಿಗೆ ಮೊದಲು ಸಾಲ ಕೊಟ್ಟವರಿಂದ ನಿರಾಕ್ಷೇಪಣಾ ಪತ್ರವನ್ನು ಕೇಳತಕ್ಕದ್ದು. ನೋಂದಣಿ ಪತ್ರದಲ್ಲಿರುವ ವಿಳಾಸವನ್ನು ಬದಲಾಯಿಸುವುದಕ್ಕೂ ಈ ಪತ್ರವು ಬೇಕು. ಇದಲ್ಲದೆ ಸಾಲದ ಕರಾರಿನಲ್ಲಿ ಇನ್ನೂ ಬಿಗಿಯಾದ ಷರತ್ತುಗಳಿರಬಹುದು. ರುಜು ಹಾಕುವಾಗ ಯಾರೂ ಓದದ ಕಾಗದವನ್ನು ಈಗಲಾದರೂ ಓದಿಸಿ ಕೇಳುವುದು ಲೇಸು.

ಕಾಯಿದೆಯು ರೈತನನ್ನು ಮಾತ್ರ ಕಟ್ಟಿಹಾಕಿಲ್ಲ. ಅರ್ಜಿ ತಲಪಿದ ಏಳು ದಿನಗಳೊಳಗೆ ಸಾಲ ಕೊಟ್ಟವರು ಪತ್ರವನ್ನು ಕೊಡಬೇಕು, ಇಲ್ಲವೇ ಕೊಡದಿರುವುದಕ್ಕೆ ಕಾರಣವನ್ನು ಬರೆದು ತಿಳಿಸಬೇಕು. ಎರಡನ್ನೂ ಮಾಡದೆ ಸುಮ್ಮನಿದ್ದರೆ ಪತ್ರ ಕೊಟ್ಟಂತೆಯೇ ಎಣಿಸಲ್ಪಡುವುದು. ರೈತರಲ್ಲಿ ಬಹುಮಂದಿ ಇದನ್ನರಿಯದೆ, "ನಾಳೆ ಬಾ" ಎಂಬ ಮಾತಿಗೆ ತಿಂಗಳುಗಟ್ಟಲೆ ಅಲೆಯುವರು. ಬಾಯಿಮಾತಿನಲ್ಲಿ ಕೇಳಿದ್ದಕ್ಕೆ ದಿನಗಳ ಲೆಕ್ಕ ಹಿಡಿಯುವುದು ಹೇಗೆ? ಅರ್ಜಿಯನ್ನು ಎರಡು ಪ್ರತಿಯಲ್ಲಿ ಬರೆದು, ಒಂದರ ಮೇಲೆ ಕಛೇರಿಯ ಮೊಹರನ್ನೂ ತಾರೀಖನ್ನೂ ಹಾಕಿಸಿಕೊಂಡು ಜೋಪಾನವಾಗಿಡತಕ್ಕದ್ದು.

ಕೇಡು ಹೆಚ್ಚಾಗಿ ಹುಟ್ಟುವುದು ಸ್ಥಳಾಂತರದ ಹೆಸರಿನಲ್ಲಿ ನಡೆಯುವ ಗುಟ್ಟಿನ ಮಾರಾಟದಿಂದ. "ಉಳಿದ ಕಂತುಗಳನ್ನು ನಾನು ಕಟ್ಟುವೆನು" ಎಂದು ಹೇಳಿ ಒಬ್ಬನು ಟ್ರ್ಯಾಕ್ಟರನ್ನು ಹೊಡೆದುಕೊಂಡು ಹೋಗುತ್ತಾನೆ. ಛಾಪಾ ಕಾಗದದ ಮೇಲೆ ಇಬ್ಬರು ಸಾಕ್ಷಿಗಳ ರುಜು ಬೀಳುತ್ತದೆ. ಕಂತು ನಿಂತರೆ ಬ್ಯಾಂಕು ಕೇಳುವುದು ಮೊದಲಿನವನನ್ನೇ. ಟ್ರ್ಯಾಕ್ಟರು ಯಾರ ಮೇಲಾದರೂ ಹರಿದರೆ ಗತಿಯೇನು? ನೋಂದಣಿಯಲ್ಲಿ ಯಾರ ಹೆಸರಿದೆಯೋ ಅವನೇ ಪರಿಹಾರಕ್ಕೆ ಹೊಣೆಯೆಂದು ಸುಪ್ರೀಂ ಕೋರ್ಟು 2018ರಲ್ಲಿ ತೀರ್ಪು ಕೊಟ್ಟಿದೆ. ಕೊಂಡವನ ಪಾಡೂ ಹಗುರವಲ್ಲ. ಹಣ ತೆತ್ತಿದ್ದರೂ ವಾಹನವು ಅವನ ಹೆಸರಿಗೆ ಆಗುವುದಿಲ್ಲ, ಸಾಲ ಕೊಟ್ಟವರು ಬಂದು ವಶಪಡಿಸಿಕೊಳ್ಳಲೂಬಹುದು. ಆದಕಾರಣ ಊರಿನ ಮುಖಂಡರು ಇಂತಹ ಕಾಗದಕ್ಕೆ ಸಾಕ್ಷಿ ಹಾಕುವ ಮುನ್ನ ನೋಂದಣಿ ಪತ್ರವನ್ನು ತರಿಸಿ, ಸಾಲದ ನಮೂದು ಇದೆಯೇ ಎಂದು ನೋಡತಕ್ಕದ್ದು. ಇದ್ದರೆ, ಬ್ಯಾಂಕಿನ ಲಿಖಿತ ಒಪ್ಪಿಗೆ ಬರುವ ತನಕ ರುಜು ಮಾಡಲಾಗದು. ನೆಂಟಸ್ತಿಕೆಯ ದಾಕ್ಷಿಣ್ಯ ಇಲ್ಲಿ ಸಲ್ಲದು.

ಸಾಲ ತೀರಿತೆಂದ ಮಾತ್ರಕ್ಕೆ ನಮೂದು ತಾನಾಗಿ ಅಳಿಸಿಹೋಗದು. ಉಭಯರೂ ರುಜು ಮಾಡಿದ 35ನೆಯ ನಮೂನೆಯನ್ನು ಆರ್.ಟಿ.ಓ. ಕಛೇರಿಗೆ ಒಪ್ಪಿಸಿ ಅದನ್ನು ತೆಗೆಯಿಸಬೇಕು. ಟ್ರೇಲರಿಗೆ ನೋಂದಣಿ ಬೇರೆಯಾಗಿರುವುದರಿಂದ, ಅದರ ಮೇಲೆಯೂ ಸಾಲವಿದ್ದಲ್ಲಿ ಅದಕ್ಕೆ ಪ್ರತ್ಯೇಕ ನಮೂನೆಯನ್ನು ಕೊಡತಕ್ಕದ್ದು.